ತಲೆಕೆಳಗೆ ಹಿಡಿದ ಹಾಳೆ

ನಮ್ಮ ಗುಡ್ಡದಲ್ಲಿ ಬೆನನ್ ಎಂಬ ಹೆಸರಿನ ಗಂಡಸರು ಐದು ಮಂದಿ ಇದ್ದರು. ಹಾಗಾಗಿ ಅವರವರ ಕಸುಬನ್ನೇ ಹೆಸರಿಗೆ ಅಂಟಿಸಿಬಿಟ್ಟಿದ್ದೆವು. ರೊಟ್ಟಿ ಸುಡುವವನು ಬೆನನ್ ರೊಟ್ಟಿ, ಹೆಣದ ಪೆಟ್ಟಿಗೆ ಮಾಡುವವನು ಬೆನನ್ ಪೆಟ್ಟಿಗೆ. ಇಥೆಲ್ ಬೆನನ್ ವಾರದಲ್ಲಿ ಆರು ದಿನ ನೆಲದಡಿಯಲ್ಲಿ ಕಲ್ಲಿದ್ದಲು ಕಡಿಯುತ್ತಿದ್ದರು. ಆದರೂ ಅವರು ಬೆನನ್ ಆರ್ಗನ್. ಹಾಡುವ ನಮಗೆ ಮಾತ್ರ ಮೇಷ್ಟ್ರು.

ವೇಲ್ಸಿನಿಂದ ಹಡಗು ಹತ್ತಿ ಕ್ವೀನ್ಸ್‌ಲ್ಯಾಂಡಿಗೆ ಬಂದಾಗ ಅವರಿಗೆ ಇಪ್ಪತ್ತೆಂಟು ವರ್ಷ. ಎಡಗೈಯ ಕಿರುಬೆರಳು ಅಷ್ಟರಲ್ಲೇ ವೇಲ್ಸಿನ ಗಣಿಗೆ ಬಲಿಯಾಗಿತ್ತು. ನಮ್ಮ ಪ್ರಾರ್ಥನಾಮಂದಿರವಾದ ಚಾಪೆಲಿನ ಹಿರಿಯರು ಆ ಕೈಯನ್ನೇ ನೋಡುತ್ತಾ, "ಒಂಬತ್ತು ಬೆರಳಲ್ಲಿ ಆರ್ಗನ್ ನುಡಿಸ್ತೀಯೇನಪ್ಪಾ?" ಎಂದು ಕೇಳಿದರಂತೆ. "ನಿಮ್ಮ ಆರ್ಗನ್ನಲ್ಲಿ ಒತ್ತುವ ಮನೆ ಹನ್ನೊಂದು ಸತ್ತು ಬಿದ್ದಿವೆ. ನನ್ನದು ಒಂದೇ ಬೆರಳು" ಎಂದರಂತೆ ಇವರು. ಅಂಥ ಬಾಯಿ.

ನಾನು ಅವರ ಮೇಳದಲ್ಲಿ ತಗ್ಗು ದನಿಯ ಹೆಂಗಸರ ಸಾಲಿನವಳು, ನೆಸ್ಟಾ ರೋಲೆಂಡ್ಸ್. ಗಣಿಯವರ ಬಟ್ಟೆ ಒಗೆಯುವುದು ನನ್ನ ಕೆಲಸ. ಮೇಷ್ಟ್ರು ನಮಗೆ ಹೇಳಿಕೊಟ್ಟದ್ದು ಅಕ್ಷರದಲ್ಲಿ ಬರೆದ ಹಾಡು. ಡೋ, ರೇ, ಮೀ ಎಂದು ಸ್ವರಗಳ ಮೊದಲಕ್ಷರ ಬರೆದರಾಯಿತು. ಹಿಟ್ಟಿನ ಚೀಲಗಳನ್ನು ಬಿಚ್ಚಿ ಒಂದಕ್ಕೊಂದು ಹೊಲಿದು, ಅದರ ಮೇಲೆ ಬೂಟಿನ ಕರಿ ಬಣ್ಣದಲ್ಲಿ ಬರೆದು ಗೋಡೆಗೆ ತೂಗುಹಾಕುತ್ತಿದ್ದರು. ಚೀಲವೂ ಇಲ್ಲದಿದ್ದರೆ ಕೈ ಇತ್ತು. ಸೊಂಟದ ಬಳಿ ಮುಷ್ಟಿ ಹಿಡಿದರೆ ಡೋ, ಎದೆಯ ಬಳಿ ಅಂಗೈ ಮಟ್ಟಸವಾಗಿ ಚಾಚಿದರೆ ಮೀ, ಹಣೆಯ ಹತ್ತಿರ ತೋರುಬೆರಳು ಎತ್ತಿದರೆ ಟೀ. ಬಲಗೈ ಹೆಂಗಸರಿಗೆ, ಎಡಗೈ ಗಂಡಸರಿಗೆ. ನಮ್ಮ ಅಪ್ಪಂದಿರು ವೇಲ್ಸಿನಲ್ಲಿ ಕಲಿತದ್ದೂ ಹೀಗೆಯೇ.

ಸಾವಿರದೆಂಟುನೂರ ತೊಂಬತ್ತಮೂರನೇ ಇಸವಿಯಲ್ಲಿ, ಪಟ್ಟಣದಲ್ಲಿ ಈಸ್ಟರಿಗೆ ನಡೆಯುವ ಹಾಡಿನ ಸ್ಪರ್ಧೆಗೆ ಹೊಸ ತೀರ್ಪುಗಾರ ಬಂದ. ಡಾಕ್ಟರ್ ಲಿಡ್‌ಯಾರ್ಡ್ ಅಂತ. ಬಂದವನೇ ಒಂದು ನಿಯಮ ಹೊರಡಿಸಿದ. ಹಾಡುವವರೆಲ್ಲರ ಕೈಯಲ್ಲೂ ಐದು ಗೆರೆಗಳ ಮೇಲೆ ಅಚ್ಚಾದ ಸಂಗೀತದ ಹಾಳೆಯೇ ಇರತಕ್ಕದ್ದು. ಅಕ್ಷರದ ಹಾಳೆ ಹಿಡಿದವರನ್ನು ಸಂಗೀತ ಓದಬಲ್ಲವರೆಂದು ಎಣಿಸಲಾಗುವುದಿಲ್ಲ. ಆ ಕಾಗದವನ್ನು ಮೇಷ್ಟ್ರು ಚಾಪೆಲಿನ ಹಿಂದಿನ ಕೋಣೆಯಲ್ಲಿ ನಮಗೆಲ್ಲ ಓದಿ ಹೇಳಿದರು. ಅವರ ಹೆಂಡತಿ ಮಾರ್ಗೆಡ್ ಚಹಾ ಬಗ್ಗಿಸುತ್ತಿದ್ದವಳು ಕೈ ತಡೆದಳು.

"ನಿಮಗೆ ಗೆರೆ ಓದೋಕೆ ಬರುತ್ತೆ. ಒಂದು ವರ್ಷ ಕೂತು ಕಲಿಸಿದ್ರೆ ಇವರಿಗೂ ಬರುತ್ತೆ. ಈ ವರ್ಷ ಸ್ಪರ್ಧೆ ಬಿಡಿ. ಹಟ ಯಾಕೆ?"

"ಕಲಿಯೋಕಾಗಲ್ಲ ಅಂತಲ್ಲ ಮಾರ್ಗೆಡ್. ಇವರಿಗೆ ಓದೇ ಬರಲ್ಲ ಅಂತ ಅವನು ಬರ್ದಿದಾನೆ. ನಾನೀಗ ಕಲಿಸೋಕೆ ಕೂತ್ರೆ, ಹೌದು ಸ್ವಾಮಿ ಅಂತ ಒಪ್ಪಿಕೊಂಡ ಹಾಗೆ."

"ಮತ್ತೇನು ಮಾಡ್ತೀರಿ?"

"ಹಾಳೆ ಕೈಯಲ್ಲಿರಬೇಕು ಅಂದಿದಾನೆ. ಇರುತ್ತೆ. ಕಣ್ಣು ಎಲ್ಲಿರಬೇಕು ಅಂತ ಬರೆದಿಲ್ಲವಲ್ಲ."

ಸ್ಪರ್ಧೆಯ ಹಾಡನ್ನು ನಾಲ್ಕು ಹಿಟ್ಟಿನ ಚೀಲಗಳ ಮೇಲೆ ಅಕ್ಷರದಲ್ಲಿ ಇಳಿಸಿದರು. ಮೂರು ತಿಂಗಳು ಅರೆದು ಕುಡಿಸಿದರು. "ನನ್ನ ಕೈ ಬಿಟ್ಟು ಕಣ್ಣು ಕೆಳಗಿಳಿಸಿದವರು ಮನೆಗೆ ನಡೀರಿ" ಎಂಬ ಬೆದರಿಕೆ ಬೇರೆ. ಈಸ್ಟರ್ ಸೋಮವಾರ ಅರವತ್ತು ಜನ ರೈಲಿಳಿದೆವು. ವೇದಿಕೆಯ ಬಾಗಿಲಲ್ಲಿ ಯಾರೋ ಅಚ್ಚಾದ ಹಾಳೆಗಳನ್ನು ಕೈಗೆ ತುರುಕಿದರು. ಹಾಗೇ ಹಿಡಿದುಕೊಂಡು ಮೇಲೆ ಹತ್ತಿದೆವು.

ಅವತ್ತು ನಾವು ಹಾಡಿದ್ದು ಚೆನ್ನಾಗಿತ್ತು. ಇದನ್ನು ನಾಚಿಕೆಪಟ್ಟು ಹೇಳುವವಳು ನಾನಲ್ಲ. ತಗಡಿನ ಮಾಡಿನ ಕೆಳಗೆ ಬೆವರುತ್ತಾ ಕೂತಿದ್ದ ಸಾವಿರ ಜನ ಬೀಸಣಿಗೆ ಬೀಸುವುದನ್ನೂ ಮರೆತರು.

ಲಿಡ್‌ಯಾರ್ಡ್ ತೀರ್ಪು ಓದಲು ಎದ್ದು ನಿಂತ. "ಗುಡ್ಡದ ಮೇಳ ಎಲ್ಲರಿಗಿಂತ ಚೆನ್ನಾಗಿ ಹಾಡಿತು. ಆದರೆ ಮುಂದಿನ ಸಾಲಲ್ಲಿ ಎಡದಿಂದ ಮೂರನೆಯ ಹೆಂಗಸಿನ ಹಾಳೆ ಹೊರಗಡೆ ಅಚ್ಚಾದ ಹಾಡಿನ ಹೆಸರು ಓದೋಕೆ ನಾನು ತಲೆ ಕೆಳಗೆ ಮಾಡಿ ನಿಲ್ಲಬೇಕಾಗಿತ್ತು. ಗಿಳಿಗಳೂ ಚೆನ್ನಾಗಿ ಮಾತಾಡ್ತವೆ. ಬಹುಮಾನ ಪಟ್ಟಣದ ಮೇಳಕ್ಕೆ."

ಸಭೆಯೆಲ್ಲ ನಕ್ಕಿತು. ಎಡದಿಂದ ಮೂರನೆಯವಳು ನಾನೇ. ಆಗ ನನಗೆ ಹತ್ತೊಂಬತ್ತು ವರ್ಷ. ನೆಲ ಬಾಯಿಬಿಡಬಾರದೇ ಅನ್ನಿಸಿತು.

ಮೇಷ್ಟ್ರು ಮತ್ತೆ ವೇದಿಕೆ ಹತ್ತಿದರು. ಯಾರೂ ಅವರನ್ನು ಕರೆದಿರಲಿಲ್ಲ.

"ನನ್ನ ಜನ ಗಿಳಿಗಳಲ್ಲ ಸ್ವಾಮಿ. ನೀವೊಂದು ಹಾಡು ಬರೀರಿ. ಇವತ್ತಿನವರೆಗೆ ಯಾರೂ ಕೇಳಿರಬಾರದು, ಈಗ ನಿಮ್ಮ ತಲೇಲಿ ಹುಟ್ಟಬೇಕು. ಎಷ್ಟು ಕಷ್ಟ ಮಾಡ್ತೀರೋ ಮಾಡಿ. ಇವರು ಹಾಡ್ತಾರೆ."

"ಸಮಯವಿಲ್ಲ" ಎಂದ ಲಿಡ್‌ಯಾರ್ಡ್.

"ಬರೀರಿ ಸಾರ್, ನಮಗೆ ಬೇಕಾದಷ್ಟು ಸಮಯ ಇದೆ" ಎಂದು ಹಿಂದಿನ ಬೆಂಚಿನಿಂದ ಯಾರೋ ಕೂಗಿದರು. ಸಭೆ ನೆಲಕ್ಕೆ ಕಾಲು ಬಡಿಯತೊಡಗಿತು. ಬರೆಯದೆ ಗತ್ಯಂತರವಿರಲಿಲ್ಲ. ಲಿಡ್‌ಯಾರ್ಡ್ ಗಂಡಸರಿಗೊಂದು ಹೆಂಗಸರಿಗೊಂದು ಸ್ವರದ ಸಾಲು ಬರೆದು ಕೊಟ್ಟ. ಮೇಷ್ಟ್ರು ಹಾಳೆಯನ್ನು ಆರ್ಗನ್ನಿಗೆ ಒರಗಿಸಿ ಒಂದು ಸಲ ಕಣ್ಣಾಡಿಸಿದರು. ಕೋಟು ಬಿಚ್ಚಿ, ಸ್ವರ ತೋರಿಸಲು ಎರಡೂ ಕೈ ಎತ್ತಿದರು.

ಹಾಡು ಮಹಾ ಕಿತಾಪತಿಯದು. ಇದ್ದಕ್ಕಿದ್ದಂತೆ ಜಿಗಿಯುತ್ತಿತ್ತು, ಜಿಗಿದದ್ದು ನಿಲ್ಲಬಾರದ ಕಡೆ ನಿಲ್ಲುತ್ತಿತ್ತು. ಒಂದು ಕಡೆ ಗಂಡಸರು ತಡವರಿಸಿದರು. ನಾಲ್ಕು ಬೆರಳಿನ ಆ ಎಡಗೈ ಗಾಳಿಯಲ್ಲಿ ಅಲ್ಲಾಡದೆ ಅವರಿಗಾಗಿ ಕಾಯಿತು. ದನಿ ಕೈಯ ಹತ್ತಿರಕ್ಕೆ ಬಂದು ಸೇರಿತು. ಕೊನೆಯ ಮುಷ್ಟಿಯವರೆಗೂ ಹಾಡಿ ಮುಗಿಸಿದೆವು.

"ಈಗ ಗೆದ್ದವರನ್ನೂ ಕರೀರಿ" ಎಂದರು ಮೇಷ್ಟ್ರು. "ಅವರ ಹಾಳೆ ನೆಟ್ಟಗೇ ಇದೆಯಲ್ಲ."

ಗೆದ್ದವರು ತಮ್ಮ ತಮ್ಮ ಬೂಟು ನೋಡಿಕೊಂಡರು. ಪಿಯಾನೋದಲ್ಲಿ ನುಡಿಸಿದ್ದನ್ನು ಕೇಳಿ ಕೇಳಿ ಬಾಯಿಪಾಠ ಮಾಡಿದ್ದರು, ಪಾಪ. ಲಿಡ್‌ಯಾರ್ಡ್ ಗಡಿಯಾರ ನೋಡಿ, ತೀರ್ಪು ತೀರ್ಪೇ ಎಂದು ಹೇಳಿ ಟೊಪ್ಪಿಗೆ ಎತ್ತಿಕೊಂಡ.

ರೈಲಿನಲ್ಲಿ ನಾನು ಅಳುತ್ತಿದ್ದೆ. "ನನ್ನಿಂದ ಹೋಯ್ತು ಮೇಷ್ಟ್ರೇ."

"ನನ್ನ ಮಾತು ಕೇಳಿದವಳು ನೀನು. ಕೆಳಗೆ ನೋಡಿದ್ರೆ ತಾನೇ ಅದು ತಲೆಕೆಳಗಿದೆ ಅಂತ ಗೊತ್ತಾಗೋದು?" ಎಂದರು. ಆಮೇಲೆ ಡಬ್ಬಿಯಲ್ಲಿದ್ದವರೆಲ್ಲರ ಕಡೆ ತಿರುಗಿ, "ಮುಂದಿನ ವರ್ಷ ಎಲ್ಲರೂ ಇವಳ ಹಾಗೇ ಹಿಡೀರಿ" ಎಂದರು.

"ಹಾಗಾದ್ರೆ ನನ್ನ ಕನ್ನಡಕ ಮನೇಲೇ ಇರಲಿ" ಎಂದ ಗಂಡಸರ ಸಾಲಿನ ಮುದುಕ ಹಾಪ್ಕಿನ್.

ಹಾಗೇ ಹಿಡಿದೆವು. ಅರವತ್ತು ಹಾಳೆ, ಅರವತ್ತೂ ತಲೆಕೆಳಗೆ. ಅಶಿಸ್ತಿಗೆಂದು ಪ್ರತಿ ವರ್ಷವೂ ಐದು ಅಂಕ ಕಳೆಯುತ್ತಿದ್ದರು. ಐದು ಅಂಕ ಬಿಟ್ಟುಕೊಟ್ಟೇ ನಾಲ್ಕು ಸಲ ಗೆದ್ದೆವು. ನಡುವೆ ಬ್ರಿಸ್ಬೇನಿನ ದೊಡ್ಡ ಇಗರ್ಜಿಯೊಂದು ಮೇಷ್ಟ್ರನ್ನು ಆರ್ಗನ್ ನುಡಿಸಲು ಕರೆಸಿಕೊಂಡಿತು. ಒಂದು ಭಾನುವಾರ ನುಡಿಸಿ ವಾಪಸ್ ಬಂದರು. "ಅಲ್ಲಿ ಯಾರೂ ಹಾಡಲ್ಲ, ಎಲ್ಲರೂ ಕೇಳ್ತಾರೆ" ಎಂದು ಹೇಳಿ ಮರುದಿನ ಗಣಿಗಿಳಿದರು. ಕಡೆಗೆ ಆ ಗಣಿಯ ಧೂಳೇ ಅವರ ಎದೆ ತಿಂದಿತು. ಉಸಿರು ಸಾಲದೆ ಮಾತು ನಿಂತ ಮೇಲೂ ಹಾಸಿಗೆಯಲ್ಲಿ ಕೂತು ಕೈಯಲ್ಲೇ ನಮಗೆ ಅಭ್ಯಾಸ ಮಾಡಿಸಿದರು. ಅವರನ್ನು ನೆನೆದರೆ ಇವತ್ತಿಗೂ ನನಗೆ ಅಳುವಿಗಿಂತ ಮೊದಲು ಆ ಗಣಿಯ ಮೇಲೆ ಸಿಟ್ಟು ಬರುತ್ತದೆ.

ಅವರ ನಂತರ ಬಂದ ಮೇಷ್ಟ್ರು ಕಾಲೇಜಿನಲ್ಲಿ ಓದಿದ ಹುಡುಗ, ಒಳ್ಳೆಯವನು. ಒಂದೇ ಚಳಿಗಾಲದಲ್ಲಿ ನಮಗೆಲ್ಲ ಐದು ಗೆರೆ ಓದಲು ಕಲಿಸಿದ. ಏನೇನೂ ಕಷ್ಟವಿರಲಿಲ್ಲ. ಇಷ್ಟು ಸುಲಭದ್ದನ್ನು ಮುಂದಿಟ್ಟುಕೊಂಡು ನಮ್ಮನ್ನು ಗಿಳಿ ಅಂದರಲ್ಲ ಎಂದು ನನ್ನ ಮೈ ಇನ್ನೊಮ್ಮೆ ಉರಿಯಿತು.

ಹೋದ ಈಸ್ಟರಿಗೆ ವೇದಿಕೆ ಹತ್ತಿದಾಗ ಅವನು ಬಗ್ಗಿ ಪಿಸುಗುಟ್ಟಿದ. "ನೆಸ್ಟಕ್ಕಾ, ಹಾಳೆ ತಲೆಕೆಳಗಾಗಿದೆ."

"ಗೊತ್ತು ಕಣಪ್ಪಾ, ನಂಗೆ ಓದೋಕೆ ಬರುತ್ತೆ" ಎಂದೆ. ಹಾಳೆಯನ್ನು ಹಾಗೇ ಹಿಡಿದು, ಅವನ ಕೈ ನೋಡುತ್ತಾ ನಿಂತೆ.