ಪರದೆಯ ಮೇಲೆ ಹೆಸರಿಲ್ಲದ ನಿರ್ಮಾಪಕ

ಕೋವಿಡ್ ಇಳಿದ ಮೇಲೆ ಅಮೆರಿಕದ ಮಾರಿಸ್‌ವಿಲ್‌ನಲ್ಲಿ ನಮ್ಮ ಪಕ್ಕದ ಟೌನ್‌ಹೌಸಿಗೆ ಒಬ್ಬ ಜಪಾನಿ ವೃದ್ಧರು ಮಗಳೊಂದಿಗೆ ಬಂದರು. ಯುದ್ಧಾನಂತರದ ಟೋಕಿಯೋದಲ್ಲಿ ತಾವು ಸಿನಿಮಾ ನಿರ್ಮಾಪಕರಾಗಿದ್ದುದಾಗಿ ಹೇಳುತ್ತಿದ್ದರು. ನಮ್ಮ ಕನ್ನಡದವರ ಚಿತ್ರಬಳಗ ಅವರ ಸಿನಿಮಾವೊಂದನ್ನು ಬಡಾವಣೆಯ ಕ್ಲಬ್‌ಹೌಸಿನಲ್ಲಿ ತೋರಿಸಲು ಹೊರಟಿತು. ಬೆಂಗಳೂರಿನ ಪತ್ರಿಕೆಯೊಂದರಲ್ಲಿ ಸುದ್ದಿ ತಿದ್ದಿದವನೆಂದು ಸಿನಿಮಾದ ನಂತರ ಅವರನ್ನು ಪರಿಚಯಿಸುವ ಭಾಷಣ ನನ್ನ ಪಾಲಿಗೆ ಬಂತು.

"ಅಪ್ಪನನ್ನು ಯಾರೂ ಜನರೆದುರು ನಿರ್ಮಾಪಕ ಎಂದು ಕರೆದಿಲ್ಲ. ನೀವು ಕರೆದರೆ ಸಾಕು" ಎಂದಿದ್ದಳು ಮಗಳು.

ಸಿನಿಮಾವನ್ನು ಮೊದಲೇ ಹಾಕಿ ನೋಡಿದೆ. ನಿರ್ಮಾಪಕರ ಜಾಗದಲ್ಲಿ ಬೇರೆ ಹೆಸರಿತ್ತು. ವೃದ್ಧರನ್ನೇ ಹೋಗಿ ಕೇಳಿದೆ.

"ಅದು ಸ್ಟುಡಿಯೋ ಅಧ್ಯಕ್ಷರದು" ಎಂದರು. "ಕತೆ ಆರಿಸಿ, ನಟರನ್ನು ಒಪ್ಪಿಸಿ, ನಿರ್ದೇಶಕನ ಜೊತೆ ಜಗಳವಾಡಿದವನು ನಾನು. ಹೆಸರು ಅವರದು. ನಮ್ಮಲ್ಲಿ ಆಗ ಅದೇ ಪದ್ಧತಿ."

ಸುದ್ದಿಮನೆಗೆ ಬಂದ ವಂಚಕರೆಲ್ಲರ ಬಳಿಯೂ ಇಂಥ ಒಳ್ಳೆಯ ಕಾರಣವೇ ಇರುತ್ತಿತ್ತು. ಅದೇ ಸ್ಟುಡಿಯೋದ ಬೇರೆ ಚಿತ್ರಗಳನ್ನು ಹುಡುಕಿದೆ. ಎಲ್ಲದರ ಮೇಲೂ ಅದೇ ಅಧ್ಯಕ್ಷರು. ಒಬ್ಬರೇ ಅಷ್ಟನ್ನು ಮಾಡಿರಲು ಸಾಧ್ಯವಿರಲಿಲ್ಲ. ಪದ್ಧತಿಯ ಮಾತು ನಿಜ. ಆದರೆ ಆ ಹೆಸರಿನ ಹಿಂದೆ ದುಡಿದವರು ನನ್ನ ನೆರೆಯವರೇ ಎಂಬುದಕ್ಕೆ ಅವರ ಮಾತು ಬಿಟ್ಟು ಬೇರೇನೂ ಸಿಗಲಿಲ್ಲ.

ಬಳಗ ನಡೆಸುವ ಆಂಟಿ ರೇಗಿದರು. "ಏನ್ ಸಾರ್, ಇಂಟ್ರಡ್ಯೂಸ್ ಮಾಡಿ ಅಂದ್ರೆ ಬ್ಯಾಕ್‌ಗ್ರೌಂಡ್ ಚೆಕ್ ಮಾಡ್ತಾ ಇದೀರಲ್ಲ! ನನ್ನ ವೀಸಾಗೂ ಇಷ್ಟು ಪ್ರೂಫ್ ಕೇಳ್ಲಿಲ್ಲ. ಪ್ರೊಡ್ಯೂಸರ್ ಅಂದ್ಬಿಡಿ, ನಿಮ್ಮ ಗಂಟೇನ್ ಹೋಗತ್ತೆ?"

ಪ್ರದರ್ಶನದ ಸಂಜೆ ವೃದ್ಧರ ಪಕ್ಕದಲ್ಲೇ ಕೂತೆ. ಅಧ್ಯಕ್ಷರ ಹೆಸರು ಪರದೆಗೆ ಬಂದಾಗ ಅವರು ಕುರ್ಚಿಯಲ್ಲೇ ನೆಟ್ಟಗಾಗಿ ಸಣ್ಣಗೆ ತಲೆ ಬಾಗಿಸಿದರು. ಮಗಳೂ ಅದನ್ನು ಗಮನಿಸಲಿಲ್ಲ. ನಾನು ನೋಡುತ್ತಿರುವುದು ಅವರಿಗೆ ಗೊತ್ತಿತ್ತೇ? ಗೊತ್ತಿದ್ದಿರಬಹುದು.

ಸಿನಿಮಾ ಮುಗಿದ ಮೇಲೆ ಅವರಿಗೂ ತಿಳಿಯಲೆಂದು ಇಂಗ್ಲಿಷಿನಲ್ಲೇ ಮಾತಾಡಿದೆ. "ಈ ಚಿತ್ರದ ನಿರ್ಮಾಣ ತಮ್ಮದೆಂದು ಇವರು ಹೇಳುತ್ತಾರೆ. ಪರದೆಯ ಮೇಲೆ ಇವರ ಹೆಸರಿಲ್ಲ. ಆ ಕಾಲದ ಪದ್ಧತಿ ಇವರು ಹೇಳಿದಂತೆಯೇ ಇತ್ತು." ಮಗಳು ಮುಖ ತಿರುಗಿಸಿದಳು.

ವೃದ್ಧರು ಎದ್ದು ಮೈಕ್ ತೆಗೆದುಕೊಂಡರು. "ನಮ್ಮ ಅಧ್ಯಕ್ಷರು ನನ್ನ ಬಗ್ಗೆ ಇಷ್ಟು ಕೂಡ ಹೇಳುತ್ತಿರಲಿಲ್ಲ" ಎಂದರು. ಜನ ನಕ್ಕರು, ಚಪ್ಪಾಳೆ ತಟ್ಟಿದರು. ಉತ್ತರ ತೀರಾ ಸಲೀಸಾಗಿ ಬಂತು ಎನಿಸಿತು. ಆಮೇಲೂ ಅವರು ಬಹಳ ಹೊತ್ತು ಮಾತಾಡಿದರು. ಆದರೂ ನಾನು ಮೈಕ್ ವಾಪಸು ಕೇಳಲಿಲ್ಲ.