ಐವತ್ತೈದರೊಳಗೆ ಬಿಡಿಸಿಕೊಳ್ಳಬೇಕಾದ ಮನೆ

ದೊಡ್ಡಬಳ್ಳಾಪುರದ ಮಗ್ಗದ ಬೀದಿಯಲ್ಲಿ ಇನ್ನೂ ಸದ್ದು ಶುರುವಾಗಿಲ್ಲ. ಅಪ್ಪಯ್ಯಣ್ಣನವರ ಶೆಡ್ಡಿನ ಮಗ್ಗಗಳೆಲ್ಲ ಸುಮ್ಮನೆ ನಿಂತಿವೆ. ಮೂಲೆಯ ಮಗ್ಗದ ಹಿಂದೆ ತೂಗುಹಾಕಿದ ಬಲ್ಬಿನ ಕೆಳಗೆ ಮಣೆ ಹಾಕಿಕೊಂಡು ಶಶಿರೇಖಾ ಕೂತಿದ್ದಾರೆ. ಮುಗಿದುಹೋದ ಹಾಸಿನ, ಎಂದರೆ ಸೀರೆಯ ಉದ್ದದ ನೂಲಿನ, ತುದಿಯೆಳೆಗಳು ಒಂದು ಕಡೆ, ಹೊಸ ಹಾಸಿನ ಎಳೆಗಳು ಇನ್ನೊಂದು ಕಡೆ. ಬೆರಳಿಗೆ ಬೂದಿ ಹಚ್ಚಿಕೊಂಡು ಹಳೆಯದರಿಂದ ಒಂದು, ಹೊಸದರಿಂದ ಒಂದು ಎಳೆ ಎತ್ತಿ, ಕೂಡಿಸಿ, ಹೊಸೆದು ಬಿಡುತ್ತಾರೆ. ಗಂಟು ಹಾಕುವಂತಿಲ್ಲ. ಒಂದು ಸೀರೆಯ ಅಗಲಕ್ಕೆ ನಾಲ್ಕು ಸಾವಿರಕ್ಕೂ ಹೆಚ್ಚು ಎಳೆ ಇರುತ್ತದೆ, ಒಂದು ತಪ್ಪಿದರೂ ಸೀರೆಯ ಉದ್ದಕ್ಕೂ ಗೆರೆ ಬೀಳುತ್ತದೆ.

ಇದಕ್ಕೆ ಊರಿನಲ್ಲಿ ಅಚ್ಚು ಕೆಚ್ಚುವುದು ಎನ್ನುತ್ತಾರೆ. ನೇಯುವವನು ಬರುವ ಹೊತ್ತಿಗೆ ಮಗ್ಗ ತಯಾರಿರಬೇಕು. ಅದು ನಿಂತಷ್ಟು ಹೊತ್ತೂ ಅವನಿಗೆ ಕೂಲಿಯಿಲ್ಲ. ಹಾಗಾಗಿ ಕೆಚ್ಚುವವರ ದಿನ ಎಲ್ಲರಿಗಿಂತ ಮೊದಲು ಶುರುವಾಗುತ್ತದೆ. ಸೀರೆ ಉಟ್ಟವರಿಗೆ ನೇಕಾರನ ಹೆಸರೇ ಗೊತ್ತಿರುವುದಿಲ್ಲ. ಇನ್ನು ಕೆಚ್ಚಿದವರನ್ನು ಯಾರು ಕೇಳಬೇಕು?

ಎದುರಿಗೆ ಕೂತು ಎಳೆ ಬಿಡಿಸಿ ಕೊಡುತ್ತಿರುವವರು ಮುನಿಲಕ್ಷ್ಮಮ್ಮ. ಇಬ್ಬರದೂ ಹಳೆಯ ಜೋಡಿ. ಕೈಗೆ ಬಿಡುವಿಲ್ಲದಿದ್ದರೂ ಮುನಿಲಕ್ಷ್ಮಮ್ಮನ ಬಾಯಿಗೆ ಬಿಡುವಿದೆ. ವರದಿಗೆಂದು ಬಂದ ನಮ್ಮ ಕಡೆ ತಿರುಗಿ ಹೇಳುತ್ತಾರೆ:

"ಬರ್ಕೊಳ್ಳಿ, ಚೆನ್ನಾಗಿ ಬರ್ಕೊಳ್ಳಿ. ನಮ್ ಶಶಿರೇಖಂಗೆ ಸಾಲ ಅಂದ್ರೆ ಪ್ರಾಣ. ತೀರಿಸೋಕೆ ಅಂತ ಸ್ವೀಟು ತಗೊಂಡು ಹೋಗಿದ್ಲು!"

"ಸುಮ್ನಿರಕ್ಕ, ಎಳೆ ಕೊಡು," ಎನ್ನುತ್ತಾರೆ ಶಶಿರೇಖಾ. ಆದರೆ ನಗು ತಡೆಯಲಾಗುವುದಿಲ್ಲ.

ಆ ಸ್ವೀಟಿನ ಕಥೆ ನಿಜ. ಅದನ್ನು ಹೇಳಬೇಕಾದರೆ ಮನೆಯಿಂದ ಶುರುಮಾಡಬೇಕು.

ಶಶಿರೇಖಾಗೆ ಈಗ ನಲವತ್ತೊಂಬತ್ತು. ಗಂಡ ನಂದಕುಮಾರ್ ಇದೇ ಶೆಡ್ಡಿನಲ್ಲಿ ಮಗ್ಗ ಓಡಿಸುತ್ತಾರೆ. ಮದುವೆಯಾದಾಗಿನಿಂದ ಬಾಡಿಗೆ ಮನೆ ಬದಲಾಯಿಸಿ ಬದಲಾಯಿಸಿ ಸಾಕಾಗಿ, ಊರಾಚೆ ಇಪ್ಪತ್ತು ಮೂವತ್ತರ ಸೈಟು ಮಾಡಿಕೊಂಡಿದ್ದರು. ಏಳು ವರ್ಷದ ಹಿಂದೆ ಅದರ ಮೇಲೆ ಮನೆ ಕಟ್ಟಲು ಹೊರಟರು. ಕೂಲಿಯವರಿಗೆ ಸಂಬಳದ ಚೀಟಿ ಇರುವುದಿಲ್ಲ. ಆದ್ದರಿಂದ ಬ್ಯಾಂಕಿನಲ್ಲಿ ಸಾಲ ಆಗಲಿಲ್ಲ. ಒಂದು ಗೃಹಸಾಲದ ಕಂಪನಿ ಹತ್ತು ಲಕ್ಷ ಕೊಟ್ಟಿತು. ಬಡ್ಡಿ ಶೇಕಡಾ ಹನ್ನೊಂದು, ಇಪ್ಪತ್ತು ವರ್ಷ, ತಿಂಗಳಿಗೆ ಹತ್ತು ಸಾವಿರದ ಮುನ್ನೂರ ಇಪ್ಪತ್ತೆರಡು ರೂಪಾಯಿ ಕಂತು. ಅಡುಗೆಮನೆ, ಬಚ್ಚಲು, ಹಾಲ್ ಎದ್ದವು. ಮುಂದಿನ ಕೋಣೆಯನ್ನು ನಂದಕುಮಾರ್ ಹಟ ಹಿಡಿದು ಎತ್ತರಕ್ಕೆ ಕಟ್ಟಿಸಿದರು. ಎಂದಾದರೂ ಅಲ್ಲಿ ಸ್ವಂತದ ಎರಡು ಮಗ್ಗ ಹಾಕುವ ಆಸೆ ಅವರದು.

"ತಿಂಗ್ಳಿಗೆ ಎಷ್ಟು ಅಂತ ಕೇಳಿದ್ವಿ. ಕಟ್ಟೋಕಾಗುತ್ತೆ ಅನ್ನಿಸ್ತು, ಸೈನ್ ಹಾಕಿದ್ವಿ. ಒಟ್ಟು ಎಷ್ಟಾಗುತ್ತೆ ಅಂತ ಕೇಳ್ಲೇ ಇಲ್ಲ. ಕೇಳ್ಬೇಕು ಅಂತಾನೇ ತಲೆಗೆ ಬರ್ಲಿಲ್ಲ," ಎನ್ನುತ್ತಾರೆ ಶಶಿರೇಖಾ.

ತಲೆಗೆ ಬರದಿದ್ದುದಕ್ಕೆ ಕಾರಣವಿದೆ. ಮಗ್ಗದ ಬೀದಿಯಲ್ಲಿ ಹುಟ್ಟಿ ಬೆಳೆದವರಿಗೆ ಗೊತ್ತಿರುವ ಸಾಲ ಒಂದೇ, ಮುಂಗಡ. ಕೆಲಸಕ್ಕೆ ಸೇರುವಾಗ ಮಾಲೀಕ ಐವತ್ತು ಸಾವಿರವೋ ಲಕ್ಷವೋ ಕೊಡುತ್ತಾನೆ. ಅದಕ್ಕೆ ಬಡ್ಡಿಯಿಲ್ಲ. ಅದರ ಬದಲಿಗೆ ಆಳು ಶೆಡ್ಡು ಬಿಟ್ಟು ಹೋಗುವಂತಿಲ್ಲ, ಹೋದರೆ ಹೊಸ ಮಾಲೀಕ ಅದನ್ನು ತೀರಿಸಿ ಕರೆದುಕೊಳ್ಳಬೇಕು. ಶನಿವಾರದ ಬಟವಾಡೆಯಲ್ಲಿ ಐನೂರು ಹಿಡಿದರೆ ಮುಂಗಡದಲ್ಲಿ ಐನೂರು ಇಳಿಯಿತು. ಹಿಡಿದಷ್ಟೂ ಇಳಿಯುತ್ತದೆ. ಶಶಿರೇಖಾ ಅವರ ಅಪ್ಪನ ಕಾಲದಲ್ಲೂ ಹೀಗೇ ಇತ್ತು, ಈಗಲೂ ಹೀಗೇ ಇದೆ.

ಮನೆಯ ಸಾಲವನ್ನೂ ಅವರು ಅದೇ ಲೆಕ್ಕದಲ್ಲಿ ನೋಡಿದರು. ಬಡ್ಡಿಯಿದೆ ಎಂದು ಗೊತ್ತಿತ್ತು. ಅದನ್ನು ಕೊನೆಯಲ್ಲಿ ಒಂದಷ್ಟು ಸೇರಿಸುತ್ತಾರೆ, ಕಟ್ಟಿದ್ದಂತೂ ಸಾಲದಲ್ಲಿ ಇಳಿಯುತ್ತಿರುತ್ತದೆ ಎಂದುಕೊಂಡಿದ್ದರು. ಆರು ವರ್ಷದಲ್ಲಿ ಒಂದು ಕಂತೂ ತಪ್ಪಲಿಲ್ಲ. ಕಟ್ಟಿದ್ದು ಏಳು ಲಕ್ಷ ನಲವತ್ತಮೂರು ಸಾವಿರ. ಮಿಕ್ಕಿದ್ದು ಎರಡೂವರೆ ಲಕ್ಷದ ಚಿಲ್ಲರೆ ಎಂದು ಅವರ ಎಣಿಕೆ. ಅಷ್ಟು ಹೊತ್ತಿಗೆ ಅವರು ಸೇರಿದ್ದ ಚೀಟಿಯೂ ಮುಗಿಯುತ್ತ ಬಂದಿತ್ತು. ಯಾವ ತಿಂಗಳೂ ಚೀಟಿಯ ಹರಾಜು ಕೂಗದೆ, ಕೊನೆಯವರೆಗೆ ಕಾದು, ಎರಡೂವರೆ ಲಕ್ಷ ಪೂರ್ತಿ ಎತ್ತಿಕೊಂಡರು.

ಕಳೆದ ವರ್ಷ ಒಂದು ಸೋಮವಾರ ಗಂಡ ಹೆಂಡತಿ ಇಬ್ಬರೂ ರಜ ಹಾಕಿ ಕಂಪನಿಯ ಕಚೇರಿಗೆ ಹೋದರು. ಚೀಲದಲ್ಲಿ ದುಡ್ಡು, ಕೈಯಲ್ಲಿ ಅರ್ಧ ಕೆ.ಜಿ. ಮೈಸೂರುಪಾಕು. ಬಡ್ಡಿಯೆಂದು ಏನಾದರೂ ಕೇಳಿದರೆ ಇರಲಿ ಎಂದು ನಂದಕುಮಾರ್ ಜೇಬಿನಲ್ಲಿ ಇನ್ನೂ ಇಪ್ಪತ್ತು ಸಾವಿರ ಇಟ್ಟುಕೊಂಡಿದ್ದರು.

ಕೌಂಟರಿನಲ್ಲಿದ್ದವರು ಅನಿಲ್‌ಕುಮಾರ್ ಎಂಬ ಕಿರಿಯ ಅಧಿಕಾರಿ. ಶಶಿರೇಖಾ ಆ ಮಾತುಕತೆಯನ್ನು ಈಗಲೂ ಒಂದಕ್ಷರ ಬಿಡದೆ ಹೇಳುತ್ತಾರೆ.

"ಸಾಲ ತೀರಿಸ್ಬಿಟ್ಟು ಪತ್ರ ತಗೊಂಡು ಹೋಗೋಕೆ ಬಂದಿದೀವಪ್ಪಾ ಅಂದೆ. ಕಂಪ್ಯೂಟರ್ ನೋಡ್ದ. ಒಂಬತ್ತು ಲಕ್ಷ ಹದಿಮೂರು ಸಾವಿರದ ಏಳುನೂರು ಆಗುತ್ತೆ ಅಕ್ಕ ಅಂದ. ಬೇರೆ ಯಾರ್ದೋ ನೋಡ್ತಿದೀಯ, ನಮ್ದು ನೋಡಪ್ಪಾ ಅಂದೆ. ನಿಮ್ದೇ ಅಕ್ಕ ಅಂದ."

ನಂದಕುಮಾರ್ ದನಿ ಎತ್ತರಿಸಿದರು. ಅನಿಲ್‌ಕುಮಾರ್ ಸಿಟ್ಟಾಗದೆ ಪರದೆಯನ್ನೇ ಅವರ ಕಡೆ ತಿರುಗಿಸಿದರು. ತಿಂಗಳ ಕಂತಿನಲ್ಲಿ ಮೊದಲು ಆ ತಿಂಗಳ ಬಡ್ಡಿಗೆ ಮುರಿದುಕೊಳ್ಳುತ್ತಾರೆ, ಮಿಕ್ಕಿದ್ದಷ್ಟೇ ಅಸಲಿಗೆ ಹೋಗುತ್ತದೆ ಎಂದು ಹೇಳಿದರು. ಅಸಲು ದೊಡ್ಡದಿರುವ ಮೊದಲ ವರ್ಷಗಳಲ್ಲಿ ಬಡ್ಡಿಯೇ ಹೆಚ್ಚು. ಅದರ ಮೇಲೆ, ಅದಕ್ಕೂ ಎರಡು ವರ್ಷ ಮೊದಲೇ ದರ ಹನ್ನೊಂದರಿಂದ ಹನ್ನೆರಡೂವರೆಗೆ ಏರಿತ್ತು. ಮೊಬೈಲಿಗೆ ಇಂಗ್ಲಿಷಿನಲ್ಲಿ ಸಂದೇಶ ಬಂದಿತ್ತಂತೆ. ಕಂತು ಬದಲಾಗಿರಲಿಲ್ಲ, ಹಾಗಾಗಿ ಇವರು ಗಮನಿಸಲೇ ಇಲ್ಲ. ಕಂತು ಇದ್ದಲ್ಲೇ ಇತ್ತು. ಹಿಗ್ಗಿದ್ದು ವರ್ಷಗಳು.

"ಹಂಗಾದ್ರೆ ಈ ತಿಂಗ್ಳು ನಾನು ಕಟ್ಟೋ ಹತ್ತು ಸಾವ್ರದಲ್ಲಿ ಅಸಲಿಗೆ ಎಷ್ಟು ಹೋಗುತ್ತೆ ಅಂತ ಕೇಳ್ದೆ," ಎನ್ನುತ್ತಾರೆ ಶಶಿರೇಖಾ. "ಎಂಟ್ನೂರ ನಾಲ್ಕು ರೂಪಾಯಿ ಅಂದ."

ಒಂದು ಅಚ್ಚು ಕೆಚ್ಚಿದರೆ ಅವರ ಪಾಲಿಗೆ ಆರುನೂರು ರೂಪಾಯಿ ಬರುತ್ತದೆ. ಗಂಡ ಹೆಂಡತಿ ತಿಂಗಳೆಲ್ಲ ದುಡಿದು ಕಟ್ಟಿದ ಕಂತಿನಲ್ಲಿ ಮನೆಯ ಕಡೆಗೆ ಹೋಗುತ್ತಿದ್ದುದು ಒಂದೂವರೆ ಅಚ್ಚಿನ ಕೂಲಿಗಿಂತ ಕಡಿಮೆ. ಆರು ವರ್ಷದಲ್ಲಿ ಇಳಿದ ಅಸಲು ಎಂಬತ್ತಾರು ಸಾವಿರ.

ಇನ್ನೆಷ್ಟು ವರ್ಷ ಎಂದು ಕೇಳಿದರು. ಇಪ್ಪತ್ತೂವರೆ ವರ್ಷ ಎಂಬ ಉತ್ತರ ಬಂತು. ಹತ್ತು ಲಕ್ಷದ ಸಾಲಕ್ಕೆ ಕೊನೆಗೆ ಕಟ್ಟಿದಂತಾಗುವುದು ಮೂವತ್ತೆರಡು ಲಕ್ಷ ಎಂಬತ್ತೆರಡು ಸಾವಿರ.

ಶಶಿರೇಖಾ ಅವರನ್ನು ಹೆದರಿಸಿದ್ದು ಆ ಮೂವತ್ತೆರಡು ಲಕ್ಷವಲ್ಲ. ಅಷ್ಟು ದೊಡ್ಡ ಮೊತ್ತ ಮನಸ್ಸಿಗೆ ಹಿಡಿಯುವುದೇ ಇಲ್ಲ ಎನ್ನುತ್ತಾರೆ. ಅವರು ಎಣಿಸಿದ್ದು ತಮ್ಮ ವಯಸ್ಸನ್ನು. ಸಾಲ ತೀರುವಾಗ ಅರವತ್ತೆಂಟು ದಾಟಿರುತ್ತದೆ. ಅಚ್ಚು ಕೆಚ್ಚುವವರಲ್ಲಿ ಐವತ್ತೈದು ದಾಟಿದ ಮೇಲೆ ಕೂತವರನ್ನು ಅವರು ಕಂಡಿಲ್ಲ. ಅಷ್ಟರಲ್ಲಿ ಕಣ್ಣು ಕೈಕೊಡುತ್ತದೆ. ಅವರಿಗೆ ಅಚ್ಚು ಕೆಚ್ಚಲು ಕಲಿಸಿದ ಅಕ್ಕಯ್ಯಮ್ಮ ಐವತ್ತಮೂರಕ್ಕೇ ಎಳೆ ಕಾಣದೆ ಎದ್ದು ಹೋದವರು. ಶಶಿರೇಖಾಗೂ ಆಗಲೇ ಕನ್ನಡಕ ಎರಡು ಸಲ ಬದಲಾಗಿದೆ.

"ಕಣ್ಣು ಹೋದ್ಮೇಲೆ ಹದಿಮೂರು ವರ್ಷ ಕಂತು ಕಟ್ಟೋರ್ ಯಾರು? ಅದೊಂದೇ ತಲೇಲಿ ಓಡ್ತಿತ್ತು."

ಎದ್ದು ಬರುವ ಮೊದಲು ಇನ್ನೊಂದು ಪ್ರಶ್ನೆ ಕೇಳಿದರು. ಚೀಲದಲ್ಲಿರುವ ಎರಡೂವರೆ ಲಕ್ಷ ಈಗ ಕಟ್ಟಿದರೆ ಅದನ್ನೂ ಬಡ್ಡಿಗೇ ಮುರಿದುಕೊಳ್ಳುತ್ತೀರಾ?

"ಇಲ್ಲ ಅಕ್ಕ. ಕಂತಿನ ಹೊರಗೆ ಕಟ್ಟಿದ್ದು ಪೂರ್ತಿ ಅಸಲಿಗೆ. ನಿಮ್ಮ ಸಾಲಕ್ಕೆ ದಂಡಾನೂ ಇಲ್ಲ," ಎಂದರು ಅನಿಲ್‌ಕುಮಾರ್. ಕಂಪ್ಯೂಟರಿನಲ್ಲಿ ಹಾಕಿ ತೋರಿಸಿದರು. ಅಷ್ಟು ಕಟ್ಟಿದರೆ ಇಪ್ಪತ್ತೂವರೆ ವರ್ಷ ಒಂಬತ್ತಕ್ಕೆ ಇಳಿಯುತ್ತದೆ. ಕಂತು ಕಡಿಮೆ ಮಾಡಿಸುವುದೋ, ವರ್ಷ ಕಡಿಮೆ ಮಾಡಿಸುವುದೋ ನೀವೇ ಹೇಳಬೇಕು ಎಂದರು.

ಹಿಡಿದಷ್ಟೂ ಇಳಿಯುವ ಸಾಲ ಶಶಿರೇಖಾಗೆ ಗೊತ್ತಿದ್ದ ಸಾಲವೇ. ಆದರೆ ಅಂದು ದುಡ್ಡು ಕಟ್ಟಲಾಗಲಿಲ್ಲ. ನಂದಕುಮಾರ್ ಚೀಲ ಎತ್ತಿಕೊಂಡು ಹೊರಗೆ ಹೋಗಿಬಿಟ್ಟಿದ್ದರು. ಮೈಸೂರುಪಾಕು ಕೌಂಟರಿನ ಮೇಲೆಯೇ ಉಳಿಯಿತು.

"ತಂದಿದ್ದನ್ನ ವಾಪಸ್ ತಗೊಂಡು ಹೋಗೋದು ಹೆಂಗೆ? ಪಾಪ, ಆ ಹುಡುಗ ಯಾಕ್ ಕೊಟ್ರಿ ಅಂತಾನೂ ಕೇಳ್ಲಿಲ್ಲ."

ಮನೆಯಲ್ಲಿ ಎರಡು ವಾರ ಜಗಳ. ನಂದಕುಮಾರ್ ಅದನ್ನು ಮುಚ್ಚಿಡುವುದಿಲ್ಲ. "ಏಳು ಲಕ್ಷ ನುಂಗಿ ನೀರು ಕುಡಿದೋರ್ಗೆ ಇನ್ನೂ ಎರಡೂವರೆ ಲಕ್ಷ ಸುರೀಬೇಕಾ ಅಂತ ನನ್ ಮಾತು. ಅಷ್ಟಕ್ಕೆ ಸೆಕೆಂಡ್ ಹ್ಯಾಂಡ್ ಮಗ್ಗ ಬರ್ತಿತ್ತು. ಕೋಣೆ ಖಾಲಿ ಬಿದ್ದಿದೆ. ಇನ್ನೊಬ್ಬರ ಶೆಡ್ಡಲ್ಲಿ ಎಷ್ಟು ದಿನ ಅಂತ ಇರೋದು?"

ಮಾಲೀಕ ಅಪ್ಪಯ್ಯಣ್ಣನವರದೂ ಅದೇ ಅಭಿಪ್ರಾಯ. ಒಳ್ಳೆಯ ಆಳು ಕೈಬಿಟ್ಟು ಹೋಗುತ್ತಾನೆಂದು ಗೊತ್ತಿದ್ದೂ ಅವರು ಮಗ್ಗವನ್ನೇ ಕೊಳ್ಳಲು ಹೇಳಿದ್ದರು. "ಮಗ್ಗ ದುಡಿಯುತ್ತೆ ಕಣಮ್ಮ. ಸಾಲಕ್ಕೆ ಹಾಕಿದ ದುಡ್ಡು ಏನ್ ದುಡಿಯುತ್ತೆ?"

"ವರ್ಷಕ್ಕೆ ಮೂವತ್ತೊಂದು ಸಾವ್ರ ಬಡ್ಡಿ ನಿಲ್ಸುತ್ತೆ ಅಪ್ಪಯ್ಯಣ್ಣ. ಆರ್ಡರ್ ಇಲ್ದಿದ್ರೂ ನಿಲ್ಸುತ್ತೆ, ಕರೆಂಟ್ ಹೋದ್ರೂ ನಿಲ್ಸುತ್ತೆ. ನಿಮ್ ಮಗ್ಗ ಹೋದ್ ಆಷಾಢದಲ್ಲಿ ಎಷ್ಟು ದಿನ ನಿಂತಿತ್ತು ಹೇಳಿ?"

ಅಪ್ಪಯ್ಯಣ್ಣ ಈಗಲೂ ಒಪ್ಪಿಲ್ಲ. ಸ್ವಂತ ಮಗ್ಗ ಇದ್ದಿದ್ದರೆ ಸಾಲವೂ ತೀರುತ್ತಿತ್ತು, ಮಗ್ಗವೂ ಉಳಿಯುತ್ತಿತ್ತು ಎನ್ನುತ್ತಾರೆ. ಅವರ ಮಾತನ್ನು ತಳ್ಳಿಹಾಕುವಂತಿಲ್ಲ. ಸೀರೆ ವ್ಯಾಪಾರ ಚೆನ್ನಾಗಿದ್ದಿದ್ದರೆ ಹಾಗೂ ಆಗಬಹುದಿತ್ತು.

ಕೊನೆಗೆ ಜಗಳ ನಿಲ್ಲಿಸಿದ್ದು ಲೆಕ್ಕವಲ್ಲ. ಒಂದು ರಾತ್ರಿ ಊಟಕ್ಕೆ ಕೂತಾಗ ಶಶಿರೇಖಾ ಕೇಳಿದರಂತೆ: "ರೀ, ನಂಗೆ ಎಳೆ ಕಾಣ್ದಿರೋ ದಿನ ಬರುತ್ತಲ್ಲ, ಅವತ್ತು ನಾವು ಈ ಮನೇಲಿ ಇರ್ತೀವಾ, ಇಲ್ವಾ? ಅದೊಂದು ಹೇಳ್ಬಿಡಿ." ಮಾರನೆಯ ದಿನ ನಂದಕುಮಾರ್ ಚೀಲ ತಂದು ಹೆಂಡತಿಯ ಕೈಗೆ ಕೊಟ್ಟರು.

ಎರಡೂವರೆ ಲಕ್ಷ ಕಟ್ಟಿದರು. ಕಂತು ಇಳಿಸಿಕೊಳ್ಳದೆ ವರ್ಷ ಇಳಿಸಿಕೊಂಡರು. ಅದರ ಮೇಲೆ ತಿಂಗಳಿಗೆ ಎರಡು ಸಾವಿರ ಹೆಚ್ಚಿಗೆ ಕಟ್ಟುತ್ತೇವೆಂದು ಬರೆದುಕೊಟ್ಟರು. ಆ ಎರಡು ಸಾವಿರಕ್ಕಾಗಿ ಶಶಿರೇಖಾ ಭಾನುವಾರವೂ ಯಾರದಾದರೂ ಶೆಡ್ಡಿಗೆ ಹೋಗಿ ಒಂದು ಅಚ್ಚು ಕೆಚ್ಚುತ್ತಾರೆ. ಹೀಗೆಯೇ ನಡೆದರೆ ಕಟ್ಟಲು ಶುರುಮಾಡಿದ ದಿನದಿಂದ ಆರು ವರ್ಷ ಎಂಟು ತಿಂಗಳಿಗೆ ಸಾಲ ತೀರುತ್ತದೆ. ಒಟ್ಟು ಕಟ್ಟಿದ್ದು ಇಪ್ಪತ್ತು ಲಕ್ಷದೊಳಗೆ ನಿಲ್ಲುತ್ತದೆ. ಆಗ ಅವರಿಗೆ ಐವತ್ತೈದು ತುಂಬಿರುವುದಿಲ್ಲ. ಬಡ್ಡಿದರ ಮತ್ತೆ ಏರಿದರೆ ಈ ಲೆಕ್ಕವೂ ಹಿಂದೆ ಮುಂದೆ ಆಗುತ್ತದೆ ಎಂಬುದನ್ನು ಹೇಳದೆ ಬಿಟ್ಟರೆ ತಪ್ಪಾದೀತು. ಅದು ಅವರಿಗೂ ಗೊತ್ತಿದೆ. ಈಗ ಕಂಪನಿಯ ಸಂದೇಶ ಬಂದರೆ ಓದಿಸದೆ ಬಿಡುವುದಿಲ್ಲ.

ಬೀದಿಯಲ್ಲಿ ಮನೆ ಸಾಲ ಮಾಡಿದವರು ಇನ್ನೂ ಇದ್ದಾರೆ. ಅವರಿಗೆ ಶಶಿರೇಖಾ ಬುದ್ಧಿ ಹೇಳಲು ಹೋಗುವುದಿಲ್ಲ. ನೀರಿಗೆ ನಿಂತಾಗಲೋ ಅಂಗಡಿಯಲ್ಲೋ ಸಿಕ್ಕರೆ ಒಂದು ಮಾತು ಕೇಳುತ್ತಾರೆ, ಅಷ್ಟೆ: "ಅಸಲು ಎಷ್ಟು ಇಳಿದಿದೆ ಅಂತ ಕೇಳಿದ್ಯಾ?" ಕೆಲವರು ಕೇಳಿ ಬಂದು ಮುಖ ಸಣ್ಣ ಮಾಡಿಕೊಂಡಿದ್ದಾರೆ. ಒಬ್ಬಾಕೆ ಮಾತು ಬಿಟ್ಟಿದ್ದಾರೆ.

"ನನ್ನನ್ನೂ ಕೇಳಿದ್ಲು," ಎನ್ನುತ್ತಾರೆ ಮುನಿಲಕ್ಷ್ಮಮ್ಮ. "ನಮ್ದು ಬಾಡಿಗೆ ಮನೆ ಕಣೇ ತಾಯಿ, ಅದ್ರಲ್ಲಿ ಅಸಲೂ ಇಲ್ಲ, ಇಳಿಯೋದೂ ಇಲ್ಲ ಅಂದೆ!"

ಬೆಳಕು ಹರಿದಿದೆ. ಕೊನೆಯ ಎಳೆ ಹೊಸೆದು, ಹೊಸ ಹಾಸನ್ನು ನಿಧಾನಕ್ಕೆ ಮುಂದಕ್ಕೆ ಎಳೆದು, ಒಂದೂ ಕಡಿದಿಲ್ಲವೆಂದು ನೋಡಿಕೊಂಡು ಶಶಿರೇಖಾ ಎದ್ದು ಸೊಂಟ ನೆಟ್ಟಗೆ ಮಾಡಿಕೊಳ್ಳುತ್ತಾರೆ. ನಂದಕುಮಾರ್ ಬಂದು ಮಗ್ಗದ ಸ್ವಿಚ್ ಹಾಕುತ್ತಾರೆ. ಇನ್ನು ಮಾತು ಕೇಳಿಸಬೇಕಾದರೆ ಹೊರಗೆ ಬರಬೇಕು.

ಕಳೆದ ವಾರ ಶಶಿರೇಖಾ ಕಂಪನಿಗೆ ಹೋಗಿ ಬಾಕಿ ಕೇಳಿ ಬಂದಿದ್ದಾರೆ. ಐದು ಲಕ್ಷ ಎಪ್ಪತ್ತಾರು ಸಾವಿರ. ಮೊದಲ ಆರು ವರ್ಷದಲ್ಲಿ ಇಳಿದಷ್ಟು ಅಸಲು, ಬರೀ ಕಂತಿನಿಂದಲೇ, ಈ ಹದಿನೈದು ತಿಂಗಳಲ್ಲಿ ಇಳಿದಿದೆ. ಹಾಗಾದರೆ ಮನೆ ಈಗ ಎಷ್ಟು ನಿಮ್ಮದು ಎಂದು ಕೇಳಿದರೆ, ಬೆರಳಿನ ಬೂದಿಯನ್ನು ಸೆರಗಿಗೆ ಒರೆಸಿಕೊಳ್ಳುತ್ತಾರೆ.

"ಅಡುಗೆಮನೆ, ಬಚ್ಚಲು ನಮ್ದಾಗಿದೆ ಅನ್ಕೊಳ್ಳಿ," ಎನ್ನುತ್ತಾರೆ. "ಹಾಲ್‌ನಲ್ಲಿ ಕಿಟಕಿವರ್ಗೂ ಬಂದಿದೀವಿ."