ಒಲೆ ಉರಿಯದ ಮನೆ

ಸಿದ್ದಾಪುರದಿಂದ ಚೆಟ್ಟಳ್ಳಿಯವರೆಗೆ ಆಗಿನ ಕಾಲದಲ್ಲಿ ಗೋಡೆ ನೆಟ್ಟಗೆ ನಿಂತ ಮನೆ ಯಾವುದಿದ್ದರೂ ಅದು ಬೊಳ್ಳಪ್ಪ ಮೇಸ್ತ್ರಿ ಕಟ್ಟಿದ್ದೇ ಎಂದು ಕಣ್ಣು ಮುಚ್ಚಿ ಹೇಳಬಹುದಿತ್ತು. ಅವನು ಕಲ್ಲಿನ ಮೇಲೆ ಕಲ್ಲಿಟ್ಟರೆ ನಡುವೆ ನುಗ್ಗಲು ಇರುವೆಯೂ ದಾರಿ ಹುಡುಕಬೇಕು. ಆದರೆ ಆ ಬೊಳ್ಳಪ್ಪನ ಹೆಂಡತಿ ಸುಬ್ಬಿ ಮಾತ್ರ ಮದುವೆಯಾಗಿ ಬಂದ ದಿನದಿಂದಲೂ ಹುಲ್ಲು ಹೊದಿಸಿದ ಗುಡಿಸಲಿನಲ್ಲೇ ಇದ್ದಳು. ಮಳೆಗಾಲ ಬಂತೆಂದರೆ ಸೋರುವ ಕಡೆಗೆಲ್ಲ ಪಾತ್ರೆ ಇಟ್ಟು, ಇನ್ನು ಅಡುಗೆ ಯಾವುದರಲ್ಲಿ ಮಾಡುವುದೆಂದು ಯೋಚಿಸುತ್ತ ಕೂರುತ್ತಿದ್ದಳು. ದೀಪದ ಬುಡದಲ್ಲೇ ಕತ್ತಲೆ ಎನ್ನುತ್ತಾರಲ್ಲ, ಅದಕ್ಕೆ ಬೇರೆ ಸಾಕ್ಷಿ ಬೇಡ.

ಹಾಗೆಂದು ಅವನಿಗೆ ಹೆಂಡತಿಯ ಮೇಲೆ ಅಕ್ಕರೆ ಇರಲಿಲ್ಲವೆಂದಲ್ಲ. ಬೇಕಾದಷ್ಟಿತ್ತು. ರಸ್ತೆಯ ಕೆಳಗೆ ಅಪ್ಪ ಬಿಟ್ಟುಹೋದ ಒಂದು ತುಂಡು ಜಾಗದಲ್ಲಿ ಅವಳ ಮನೆಗೆಂದು ವರ್ಷ ವರ್ಷವೂ ಒಂದಿಷ್ಟು ಕಲ್ಲು ಒಟ್ಟುತ್ತ ಬಂದಿದ್ದ. ಆದರೆ ಒಬ್ಬರ ಮನೆ ಮುಗಿಯುವಷ್ಟರಲ್ಲಿ ಇನ್ನೊಬ್ಬರು ವೀಳ್ಯ ಹಿಡಿದುಕೊಂಡು ಬಂದು ನಿಲ್ಲುತ್ತಿದ್ದರು, ಇಲ್ಲ ಎನ್ನಲು ಇವನಿಗೆ ನಾಲಗೆ ಏಳುತ್ತಿರಲಿಲ್ಲ. ಯಾರ ಮನೆಯಲ್ಲಿ ಹಾಲುಕ್ಕಿಸಿದರೂ ಮೇಸ್ತ್ರಿಯ ಹೆಂಡತಿಯೆಂದು ಸುಬ್ಬಿಗೆ ಕರೆ ಬರುತ್ತಿತ್ತು. ಅವಳು ಹೋಗಿ, ಊಟ ಮುಗಿಸಿ, ಹೊರಡುವ ಮುಂಚೆ ಹೊಸ ಗೋಡೆಗೆ ಒಮ್ಮೆ ಅಂಗೈ ಒತ್ತಿ ಬರುತ್ತಿದ್ದಳು.

"ಊರಿಗೆಲ್ಲ ಉಪಕಾರಿ, ಮನೆಗೆ ಮಾರಿ," ಎಂದು ದಾರಿಯಲ್ಲಿ ಗಂಡನನ್ನು ಛೇಡಿಸುವಳು.

"ಇದೊಂದು ಮುಗೀತಲ್ಲ ಸುಬ್ಬಿ. ಇನ್ನು ನಿಂದೇ," ಎನ್ನುವನು ಅವನು.

ಆ ಮಾತು ಹೇಳಿ ಹೇಳಿ ಸವೆದುಹೋಗಿತ್ತು. ಅಷ್ಟರಲ್ಲಿ ಲೋಗನ್ ದೊರೆಯ ಕರೆ ಬಂತು.

ಲೋಗನ್ ದೊರೆ ಹತ್ತಿರದ ಕಾಫಿ ಎಸ್ಟೇಟಿನ ಯಜಮಾನ, ಸ್ಕಾಟ್ಲೆಂಡಿನವನು. ಮೀಸೆ ಮೂಡುವ ವಯಸ್ಸಿಗೆ ಕೊಡಗಿಗೆ ಬಂದವನು, ಊರು ಊರು ಎಂದು ಹಂಬಲಿಸುತ್ತಲೇ ತಲೆ ಬೆಳ್ಳಗೆ ಮಾಡಿಕೊಂಡಿದ್ದ. ಜರ್ಮನ್ ಯುದ್ಧ ಮುಗಿದ ಮೇಲೆ ಇನ್ನು ತಾನು ಹೋಗುವುದು ಆಗದ ಮಾತೆಂದು ಅವನಿಗೆ ಗೊತ್ತಾಯಿತೋ ಏನೋ, ಊರನ್ನೇ ಇಲ್ಲಿಗೆ ಎಳೆದು ತರುವ ಹಟ ಹಿಡಿಯಿತು. ತೋಟದ ತೊರೆಗೆ ಒಡ್ಡು ಹಾಕಿಸಿ ಕೆರೆ ಮಾಡಿಸಿದ. ಕೆರೆಯ ಮೇಲಿನ ಹುಲ್ಲುಗುಡ್ಡಕ್ಕೆ ದನ ಹೋಗಬಾರದೆಂದು ಬೇಲಿ ಹಾಕಿಸಿದ. ತಮ್ಮ ದೇಶದ ಅದೇನೋ ನೇರಳೆ ಹೂವಿನ ಬೀಜ ತರಿಸಿ ಅಲ್ಲಿ ಚೆಲ್ಲಿಸಿದ. ನಮ್ಮ ಮಳೆ ಅದಕ್ಕೆ ಮೊಳಕೆಯೊಡೆಯಲೂ ಬಿಡಲಿಲ್ಲ. ಇಷ್ಟಾದ ಮೇಲೆ ಒಂದು ಮನೆ ಬೇಕೆಂದು ಬೊಳ್ಳಪ್ಪನಿಗೆ ಹೇಳಿಕಳುಹಿಸಿದ.

ಎಸ್ಟೇಟಿನ ಲೆಕ್ಕ ಬರೆಯುವ ರೈಟರ್ ನಾಣಯ್ಯ ಚಿತ್ರವೊಂದನ್ನು ಬಿಚ್ಚಿ ತೋರಿಸಿದ. ದಪ್ಪ ಗೋಡೆ, ಕಮಾನಿನ ಬಾಗಿಲು, ಒಳಗೆ ದೊಡ್ಡ ಒಲೆಗೂಡು. ಮೇಲೆ ಸೂರು ಇಲ್ಲ. ಒಂದು ಮೂಲೆಯ ಗೋಡೆ ಅರ್ಧಕ್ಕೇ ನಿಂತಿತ್ತು. ಬರೆದವರು ಕಟ್ಟುವ ನಡುವೆ ಎಲ್ಲೋ ಬರೆದಿದ್ದಾರೆ, ಬಾಕಿಯದು ಆಮೇಲೆ ಕೊಡುತ್ತಾರೆ ಎಂದುಕೊಂಡ ಬೊಳ್ಳಪ್ಪ. ಬೇರೆ ಏನೆಂದುಕೊಳ್ಳಬೇಕಿತ್ತು? ಅವನು ಕಂಡ ಮನೆಗಳೆಲ್ಲ ವಾಸಕ್ಕೆಂದು ಕಟ್ಟಿದವು. ಎರಡು ಬೇಸಗೆ ದುಡಿದ. ಜಂತಿಗೆ ಗೂಡು ಬಿಟ್ಟ. ಒಲೆಯನ್ನು ತನ್ನ ಕೈಯಾರೆ ಹೊಗೆ ಒಳಗೆ ನಿಲ್ಲದಂತೆ ಕಟ್ಟಿದ. ಗೋಡೆ ಎದೆ ದಾಟಿ ತಲೆ ದಾಟಿ ನಿಂತ ಮೇಲೆ, "ರೈಟರಯ್ಯ, ಜಂತಿಗೆ ಮರ ಯಾವಾಗ ಬರ್ತದೆ?" ಎಂದು ಕೇಳಿದ.

"ಮರ ಎಂತಕ್ಕೆ? ಮನೆ ಮುಗೀತಲ್ಲ," ಎಂದ ನಾಣಯ್ಯ. "ಆ ಬಲಗಡೆ ಮೂಲೆ ಒಂದು ಸ್ವಲ್ಪ ಒಡೆದುಬಿಡು. ಚಿತ್ರದಲ್ಲಿ ಇರೋ ಹಾಗೆ."

"ಕಟ್ಟಿದ್ದನ್ನ ಒಡೆಯೋದಾ?"

"ದೊರೆಗಳಿಗೆ ಹಾಳುಬಿದ್ದ ಮನೆ ಬೇಕಂತೆ, ಮೇಸ್ತ್ರಿ. ಅವರ ದೇಶದಲ್ಲಿ ಗುಡ್ಡಕ್ಕೊಂದು ಇರ್ತದಂತೆ. ನೋಡೋಕೆ."

ಬೊಳ್ಳಪ್ಪ ಆ ಮೂಲೆಯ ಹತ್ತಿರ ಹೋದ. ಆಮೇಲೆ ಸುತ್ತಿಗೆ ಎತ್ತಿ, ತಾನೇ ನೂಲು ಹಿಡಿದು ಕಟ್ಟಿದ ಮೂಲೆಯನ್ನು ತಾನೇ ಒಡೆದ. ಮನೆಗೆ ಬಂದು ಊಟ ಮಾಡದೆ ಮಲಗಿದ.

ಒಡೆದ ದುಃಖವಾದರೂ ನಾಲ್ಕು ದಿನಕ್ಕೆ ಆರುತ್ತಿತ್ತು. ಆರದೆ ಉಳಿದದ್ದು ಬೇರೆ. ಬೊಳ್ಳಪ್ಪನ ಅಪ್ಪ ಮಗನ ಕೈಗೆ ಗಾರೆಯ ಕರಣೆ ಕೊಡುವಾಗ ಒಂದು ಕಟ್ಟಳೆಯನ್ನೂ ಕೊಟ್ಟಿದ್ದ. ಕಟ್ಟಿದ ಮನೆಯಲ್ಲಿ ಒಲೆ ಹೊತ್ತುವ ತನಕ ಇನ್ನೊಂದು ಮನೆಯ ಪಾಯಕ್ಕೆ ನೂಲು ಹಿಡಿಯಬಾರದು. ಒಲೆಯನ್ನು ಆ ಮನೆಯ ಒಡತಿಯೇ ಹೊತ್ತಿಸಿ ಹಾಲುಕ್ಕಿಸಬೇಕು, ಮೇಸ್ತ್ರಿ ಮುಟ್ಟುವಂತಿಲ್ಲ. ಮೀರಿ ಕಟ್ಟಿದರೆ ಹೊಸ ಮನೆಯಲ್ಲಿ ಬಾಳುವವರಿಗೆ ಕೇಡು. ಅಪ್ಪ ಸತ್ತು ಎಷ್ಟು ವರ್ಷವಾದರೂ ಬೊಳ್ಳಪ್ಪ ಇದನ್ನು ಒಮ್ಮೆಯೂ ತಪ್ಪಿರಲಿಲ್ಲ, ತಪ್ಪುವ ಸಂದರ್ಭವೂ ಬಂದಿರಲಿಲ್ಲ. ಮನೆ ಕಟ್ಟಿಸಿಕೊಂಡು ಒಲೆ ಹಚ್ಚದವರು ಲೋಕದಲ್ಲಿ ಯಾರಿದ್ದಾರೆ? ಈಗ ಗುಡ್ಡದ ಮೇಲೆ ಒಡತಿಯೇ ಇಲ್ಲದ ಮನೆಯೊಂದು ಬಾಯಿ ತೆರೆದು ನಿಂತಿತ್ತು.

ಅಂದಿನಿಂದ ಬೊಳ್ಳಪ್ಪ ಮನೆ ಕಟ್ಟುವುದನ್ನು ಬಿಟ್ಟ. ಕಾಫಿ ಒಣಗಿಸುವ ಕಣ, ರಸ್ತೆಯ ಮೋರಿ, ದನದ ಕೊಟ್ಟಿಗೆ, ಇಂಥವೇ. ವೀಳ್ಯ ತಂದವರು ವಾಪಸು ಹೋದರು. ಸಂತೆಯಲ್ಲಿ ಬಾಯಿ ಹರಿಯಬಿಟ್ಟವರಿಗೂ ಕೊರತೆಯಿರಲಿಲ್ಲ. "ಹಾಳೂರಿಗೆ ಉಳಿದೋನೇ ಗೌಡ, ಹಾಳು ಮನೆಗೆ ಬೊಳ್ಳಪ್ಪನೇ ಮೇಸ್ತ್ರಿ," ಎಂದು ನಕ್ಕರು. ಅವನು ಕೇಳಿಸಿಕೊಂಡು ಉಪ್ಪು ಮೆಣಸು ಕಟ್ಟಿಸಿಕೊಂಡು ಬರುತ್ತಿದ್ದ.

ಇತ್ತ ದೊರೆಯ ಸಂಭ್ರಮ ಕೇಳಬೇಡಿ. ಮಳೆ ನಿಂತ ತಿಂಗಳುಗಳಲ್ಲಿ ಭಾನುವಾರ ಬೆಳಿಗ್ಗೆ ಮಡಿಕೇರಿ ಕಡೆಯಿಂದಲೋ ವಿರಾಜಪೇಟೆ ಕಡೆಯಿಂದಲೋ ಒಂದು ಮೋಟಾರು ಬರುತ್ತಿತ್ತು. ಅದರಲ್ಲಿ ಹಿಡಿಸುವಷ್ಟೇ ಜನ, ನಾಲ್ವರೋ ಐವರೋ ದೊರೆಗಳು, ದೊರೆಸಾನಿಗಳು. ಮೊದಲು ಕೆರೆ ಏರಿಯ ಮೇಲೆ ನಡಿಗೆ, ಆಮೇಲೆ ಹುಲ್ಲುಗುಡ್ಡ, ಕೊನೆಗೆ ಹಾಳು ಮನೆ, ಮಧ್ಯಾಹ್ನದ ಊಟಕ್ಕೆ ಬಂಗಲೆಗೆ ವಾಪಸು. ಅರ್ಧ ದಿನದಲ್ಲಿ ಸ್ಕಾಟ್ಲೆಂಡು ನೋಡಿ ಮುಗಿಯಿತು. ಹಾಳು ಮನೆಯ ಮುಂದೆ ನಿಂತು ದೊರೆ ಕೈ ಆಡಿಸುತ್ತ ಕಥೆ ಹೇಳುವನು. ಮುನ್ನೂರು ವರ್ಷದ ಹಿಂದೆ ಇಲ್ಲಿ ಹೀಗಾಯಿತು, ಈ ಬಾಗಿಲಲ್ಲಿ ಅಣ್ಣತಮ್ಮಂದಿರು ಕತ್ತಿ ಹಿರಿದರು ಎಂದು. ಅದು ಆಟವೆಂದು ಬಂದವರಿಗೂ ಗೊತ್ತು, ಹೇಳುವವನಿಗೂ ಗೊತ್ತು. ಆದರೂ ಕಥೆ ಮುಗಿಯುವ ಹೊತ್ತಿಗೆ ಮುದುಕನ ಕಣ್ಣಲ್ಲಿ ನೀರಿರುತ್ತಿತ್ತು, ಅದು ಮಾತ್ರ ಆಟದ್ದಲ್ಲ.

ಸುಬ್ಬಿಗೆ ಚಳಿಜ್ವರ ಹತ್ತಿತು. ಬಿಟ್ಟು ಬಿಟ್ಟು ಬರುತ್ತಿದ್ದದ್ದು ಆಮೇಲೆ ಬಿಡದೇ ಬಂತು. ಹೊಟ್ಟೆಯ ಎಡಭಾಗ ಗಟ್ಟಿಯಾಗಿ ಊದಿತು, ಮುಖ ಅರಿಸಿನ ಬಳಿದಂತಾಯಿತು. ಸಿದ್ದಾಪುರದ ಡಾಕ್ಟರು ಕಹಿ ಮದ್ದು ಕೊಟ್ಟು, "ಬೆಚ್ಚಗಿನ ಜಾಗದಲ್ಲಿ ಇಡಿ. ಇನ್ನೊಂದು ಮಳೆಗಾಲ ಈ ಗುಡಿಸಲಲ್ಲಿ ಕಳೆಯೋದು ಕಷ್ಟ," ಎಂದರು. ಕಲ್ಲು ಒಟ್ಟಿದೆ, ಕೈಯಲ್ಲಿ ಕಸುಬಿದೆ, ಸುಬ್ಬಿಗೆ ಮನೆಯಿಲ್ಲ.

ಅವನು ನಾಣಯ್ಯನ ಮುಂದೆ ಹೋಗಿ ನಿಂತ. "ದೊರೆಗಳ ಹತ್ರ ಒಂದು ಮಾತು ಕೇಳಿ ಅಯ್ಯ. ಯಾರಾದ್ರೂ ಒಂದು ಸಂಸಾರ ಒಂದೇ ಒಂದು ದಿನ ಆ ಮನೇಲಿ ಒಲೆ ಹಚ್ಚಿಕೊಳ್ಳಲಿ. ಅಷ್ಟೇ ಸಾಕು."

ನಾಣಯ್ಯ ಒಳ್ಳೆಯ ಮನುಷ್ಯ. ಹೋಗಿ ಕೇಳಿದ, ಬಂದು ತಲೆಯಾಡಿಸಿದ. "ಬೇಡ ಅಂತಾರೆ. ಹೊಗೆ ಹಿಡಿದ್ರೆ, ಜನ ಓಡಾಡಿದ್ರೆ, ಅದು ಹಾಳು ಮನೆ ಆಗಿ ಉಳಿಯೋದಿಲ್ಲವಂತೆ." ಆಮೇಲೆ ದನಿ ತಗ್ಗಿಸಿ, "ನೀನು ಸುಮ್ಮನೆ ಕಟ್ಟು ಮಾರಾಯ. ಯಾರು ನೋಡ್ತಾರೆ?" ಎಂದ.

"ಬೇರೆಯವರ ಮನೆಗೇ ಕೈ ಹಾಕಲಿಲ್ಲ. ಇದು ಅವಳು ಇರೋ ಮನೆ ಅಯ್ಯ. ಕೇಡು ಅವಳಿಗೇ ತಗಲೋದು."

ಇದನ್ನು ಮೂಢತನವೆನ್ನುವವರು ಎನ್ನಲಿ. ಹೆಂಡತಿ ಸಾಯುತ್ತಿರುವವನಿಗೆ ಬುದ್ಧಿ ಹೇಳುವುದು ಸುಲಭ.

ಸುಬ್ಬಿಗೆ ಈ ಮಾತೆಲ್ಲ ಪಕ್ಕದ ಗುಡಿಸಲಿನ ಮುದ್ದಿಯ ಬಾಯಿಂದ ತಿಳಿಯಿತು. ಜ್ವರ ಇಳಿದಿದ್ದ ಒಂದು ಬೆಳಿಗ್ಗೆ, ಗಂಡ ಕಣದ ಕೆಲಸಕ್ಕೆ ಹೋದ ಮೇಲೆ, ಅವಳು ಎದ್ದು ಸ್ನಾನ ಮಾಡಿದಳು. ಮದುವೆಯ ಸೀರೆ ಉಟ್ಟಳು. ಮುದ್ದಿಯ ಹತ್ತಿರ ಚೆಂಬು ಹಾಲು ಕೇಳಿ ತೆಗೆದುಕೊಂಡು, ಹೊಸ ಮಡಕೆ ಹಿಡಿದು, ಅಲ್ಲಲ್ಲಿ ಕೂತು ಸುಧಾರಿಸಿಕೊಳ್ಳುತ್ತ ಗುಡ್ಡ ಹತ್ತಿದಳು. ಸಂಜೆ ಬೊಳ್ಳಪ್ಪ ಬಂದಾಗ ಚಾಪೆಯ ಮೇಲೆ ಮುದುಡಿ ಮಲಗಿದ್ದಳು, ಮೈ ಕೆಂಡವಾಗಿತ್ತು.

"ಹಾಲು ಉಕ್ಕಿತು," ಎಂದಳು. "ನೀವು ಇನ್ನು ನೂಲು ಹಿಡೀಬೋದು."

ಎಲ್ಲಿ ಎಂದು ಅವನು ಕೇಳಬೇಕಾಗಲಿಲ್ಲ. "ಎಂತ ಕೆಲಸ ಮಾಡಿದೆ ಸುಬ್ಬಿ. ಅದು ಹಾಳು ಮನೆ. ಅದಕ್ಕೆ ನೀನು ಒಡತಿ ಆದ ಹಾಗಾಯ್ತಲ್ಲ."

"ಯಾರಾದ್ರೂ ಆಗ್ಬೇಕಿತ್ತಲ್ಲ. ಒಲೆ ಚೆನ್ನಾಗಿ ಕಟ್ಟಿದ್ದೀರಿ. ಹೊಗೆಯೇ ಇಲ್ಲ."

ಬೊಳ್ಳಪ್ಪ ಅವಳ ಕಾಲ ಬಳಿ ಕೂತು ಮಕ್ಕಳ ಹಾಗೆ ಅತ್ತ. ಮರುದಿನ ಬೆಳಕು ಹರಿಯುವ ಮುಂಚೆ ರಸ್ತೆಯ ಕೆಳಗಿನ ಜಾಗದಲ್ಲಿ ನೂಲು ಹಿಡಿದ. ಯಾರನ್ನೂ ಕೂಲಿಗೆ ಕರೆಯಲಿಲ್ಲ. ಕರೆಯದೆಯೇ ನಾಲ್ವರು ಬಂದರು, ಸಂತೆಯಲ್ಲಿ ನಕ್ಕವರೂ ಅವರಲ್ಲಿದ್ದರು. ಪಾಯ ತೋಡಿದರು, ಕಲ್ಲು ಹೊತ್ತರು. ಬೊಳ್ಳಪ್ಪ ಜೀವಮಾನದಲ್ಲೇ ಅಷ್ಟು ಬೇಗ ಕಟ್ಟಿದ್ದಿಲ್ಲ. ಆದರೆ ಮನೆ ಕಟ್ಟಿ ನೋಡು ಎಂದು ಹಿರಿಯರು ಸುಮ್ಮನೆ ಹೇಳಿಲ್ಲ. ಗೋಡೆ ಮೊಣಕಾಲಿಗೆ ಬರುವಷ್ಟರಲ್ಲಿ ಸುಬ್ಬಿ ನೀರು ನುಂಗುವುದನ್ನು ಬಿಟ್ಟಳು.

ಅದು ಭಾನುವಾರ. ಬೆಳಿಗ್ಗೆ ಕಣ್ಣು ತೆರೆದು, "ನನ್ನ ಮನೆಗೆ ಕರ್ಕೊಂಡು ಹೋಗಿ," ಎಂದಳು.

ಅವನು ಅವಳನ್ನು ಎತ್ತಿಕೊಂಡು ರಸ್ತೆ ದಾಟಿ ಮೊಣಕಾಲೆತ್ತರದ ಗೋಡೆಗಳ ನಡುವೆ ತಂದ. ಅವಳು ಸುತ್ತ ನೋಡಿ ತಲೆಯಾಡಿಸಿದಳು. "ಇದಲ್ಲ. ಒಲೆ ಇರೋದಕ್ಕೆ."

ಅವಳಲ್ಲಿ ಭಾರವೇ ಉಳಿದಿರಲಿಲ್ಲ. ಆದರೂ ಬೊಳ್ಳಪ್ಪ ಗುಡ್ಡವನ್ನು ನಿಂತು ನಿಂತು ಹತ್ತಿದ. ಹಿಂದೆ ಮುದ್ದಿ ಚಾಪೆ ಹಿಡಿದು ಬಂದಳು. ಒಲೆಯ ಪಕ್ಕ ಚಾಪೆ ಹಾಸಿ ಮಲಗಿಸಿದರು, ಮುದ್ದಿ ಪುಳ್ಳೆ ಆಯ್ದು ಬೆಂಕಿ ಮಾಡಿದಳು. ಸುಬ್ಬಿ ಗೋಡೆಗೆ ಅಂಗೈ ಒತ್ತಿ, ಮೇಲೆ ಬರಿದಾದ ಆಕಾಶ ನೋಡಿದಳು.

"ಈ ಮನೆ ಸೋರೋದಿಲ್ಲ," ಎಂದಳು. "ಸೋರೋದಕ್ಕೆ ನೀವು ಸೂರೇ ಹಾಕಿಲ್ಲ."

ಅವಳ ತುಟಿಯಲ್ಲಿ ನಗುವಿತ್ತು. ಬೊಳ್ಳಪ್ಪನೂ ನಕ್ಕ. ಅವಳ ಕೈ ಹಿಡಿದು ಕೂತ. ಸ್ವಲ್ಪ ಹೊತ್ತಿನ ಮೇಲೆ ಮುದ್ದಿ ಬಗ್ಗಿ ನೋಡಿ, ಸೆರಗು ಬಾಯಿಗೆ ಒತ್ತಿಕೊಂಡಳು.

ಕೆರೆ ಏರಿಯ ಮೇಲೆ ಆಗಲೇ ಜನರ ಮಾತು ಕೇಳುತ್ತಿತ್ತು. ಆ ಭಾನುವಾರ ದೊರೆಯ ಸಂಭ್ರಮ ಇನ್ನೂ ಹೆಚ್ಚು. ಬಂದ ಐವರಲ್ಲಿ ಒಬ್ಬಳು ಅವನ ಸ್ವಂತ ಅಕ್ಕ, ಊರಿನಿಂದ ಹಡಗಿನಲ್ಲಿ ಬಂದ ಮುದುಕಿ. ಗುಡ್ಡದ ಮೇಲೆ ಹೊಗೆ ಕಂಡು ನಾಣಯ್ಯ ಮುಂದೆ ಓಡಿಬಂದ.

"ಮೇಸ್ತ್ರಿ, ಏಳು, ದೊರೆ ಬರ್ತಿದ್ದಾರೆ. ಬೇಗ ಇವಳನ್ನ," ಎಂದವನು ಚಾಪೆಯ ಮೇಲಿನ ಮುಖ ನೋಡಿ ಅಲ್ಲಿಗೇ ನಿಲ್ಲಿಸಿದ.

ದೊರೆ ಕಮಾನಿನ ಬಾಗಿಲಿಗೆ ಬಂದ. ಅವನ ಮುಖ ಕೆಂಪಾಯಿತು. ಇಂಗ್ಲಿಷಿನಲ್ಲಿ ನಾಣಯ್ಯನಿಗೆ ಏನೋ ಹೇಳಿದ, ನಾಣಯ್ಯ ತಲೆ ತಗ್ಗಿಸಿದ. ಜೀವಮಾನವಿಡೀ ದೊರೆಗಳು ಕಂಡರೆ ಎದ್ದು ಕೈಕಟ್ಟಿದ್ದ ಬೊಳ್ಳಪ್ಪ ಇಂದು ಏಳಲಿಲ್ಲ. ಹಿಡಿದ ಕೈಯನ್ನೂ ಬಿಡಲಿಲ್ಲ.

ಆ ಮುದುಕಿ ತಮ್ಮನನ್ನು ದಾಟಿ ಒಳಗೆ ಬಂದಳು. ಬೂಟಿನ ಕಾಲನ್ನು ಕಷ್ಟದಿಂದ ಮಡಿಸಿ ಬೂದಿಯ ಪಕ್ಕ ನೆಲದಲ್ಲೇ ಕೂತಳು. ಸುಬ್ಬಿಯ ತೆರೆದಿದ್ದ ಕಣ್ಣನ್ನು ಬೆರಳಿನಿಂದ ಮುಚ್ಚಿದಳು. ಉರಿಯುವ ಒಲೆ ನೋಡಿದಳು, ಗೋಡೆ ನೋಡಿದಳು, ನಾಣಯ್ಯನ ಕಡೆ ತಿರುಗಿ ಏನೋ ಕೇಳಿದಳು.

"ಇದು ಯಾರ ಮನೆ ಅಂತ ಕೇಳ್ತಾರೆ," ಎಂದ ನಾಣಯ್ಯ.

ಕಥೆ ಹೇಳುವ ದೊರೆ ಬಾಗಿಲಲ್ಲೇ ಇದ್ದ. ಟೋಪಿ ತೆಗೆದು ಎದೆಗೆ ಹಿಡಿದುಕೊಂಡ.

"ನನ್ನ ಹೆಂಡತೀದು," ಎಂದ ಬೊಳ್ಳಪ್ಪ. "ನಾನು ಕಟ್ಟಿಕೊಟ್ಟೆ."